‘ಸಾಬೀತಾಗಿದೆ’ ಎಂದು ಬರೆಯುವ ಮುನ್ನ: ವಿಮರ್ಶಕರೊಬ್ಬರಿಗೆ ಉತ್ತರ

ನಮಸ್ಕಾರ.

ಗ್ರೀಕ್-ರೋಮನ್ ಜಗತ್ತಿಗೂ ಭಾರತದ ಪಶ್ಚಿಮ ಕರಾವಳಿಗೂ ಇದ್ದ ವ್ಯಾಪಾರದ ಕುರಿತ ಪ್ರಬಂಧ ಸಂಕಲನದ ಮೇಲೆ ನೀವು ಬರೆದ ವಿಮರ್ಶೆಯನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಪ್ರಕಟಿಸಲಾಗುವುದಿಲ್ಲ. ಆದರೆ ತಿದ್ದಿ ಕಳಿಸಿ ಎಂದು ಮನಸಾರೆ ಕೇಳುತ್ತಿದ್ದೇನೆ. ಗ್ರೀಕನ್ನೂ ಹಳಗನ್ನಡವನ್ನೂ ಓದಬಲ್ಲವರು ಕಡಿಮೆ, ಈ ಪುಸ್ತಕಕ್ಕೆ ಅಂಥವರೇ ಬೇಕು.

ನಿಮ್ಮ 2,600 ಪದಗಳಲ್ಲಿ 1,100 ಪದ ಒಂದೇ ಅಧ್ಯಾಯಕ್ಕೆ ಹೋಗಿದೆ. ಅದು ಆಕ್ಸಿರಿಂಕಸ್ ಪಪೈರಸ್ 413ರ, ಅಂದರೆ ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಸಿಕ್ಕ ಗ್ರೀಕ್ ಹಸ್ತಪ್ರತಿಯೊಂದರ, ಪ್ರಹಸನದ ಕುರಿತದ್ದು. ಖಾರಿಟಿಯೊನ್ ಎಂಬ ಗ್ರೀಕ್ ಹುಡುಗಿ ಭಾರತದ ತೀರದಲ್ಲಿ ಸೆರೆಸಿಕ್ಕು, ಅಲ್ಲಿನ ರಾಜನಿಗೂ ಅವನ ಪರಿವಾರಕ್ಕೂ ನೀರು ಬೆರೆಸದ ಮದ್ಯ ಕುಡಿಸಿದಾಗ ತಪ್ಪಿಸಿಕೊಳ್ಳುವ ಕಥೆ. ಆ ಪರಿವಾರದ ಮಾತು ಗ್ರೀಕ್ ಅಕ್ಷರಗಳಲ್ಲಿದೆ, ಆದರೆ ಗ್ರೀಕ್ ಅಲ್ಲ. ಪಪೈರಸ್ ವಿದ್ವಾಂಸರಾದ ಗ್ರೆನ್‌ಫೆಲ್ ಮತ್ತು ಹಂಟ್ 1903ರಲ್ಲಿ ಇದನ್ನು ಅಚ್ಚುಹಾಕಿಸಿದರು. ಮರುವರ್ಷವೇ ಜರ್ಮನ್ ಶಾಸನತಜ್ಞ ಹುಲ್ಟ್ಶ್ ಅದರಲ್ಲಿ ಕನ್ನಡ ಕಂಡರು, ಆಮೇಲೆ ಆರ್. ಶಾಮಾಶಾಸ್ತ್ರಿಗಳು ಆ ವಾದವನ್ನು ಬೆಳೆಸಿದರು. 1926ರಲ್ಲಿ ಬ್ರಿಟಿಷ್ ಪ್ರಾಚ್ಯವಿದ್ವಾಂಸ ಎಲ್. ಡಿ. ಬಾರ್ನೆಟ್ ಅದನ್ನು ಒಪ್ಪದೆ ಬರೆದರು. ನೀವು ಬಾರ್ನೆಟ್ ಹೆಸರನ್ನೇ ಎತ್ತದೆ ‘ಗ್ರೀಕ್ ನಾಟಕದಲ್ಲಿ ಕನ್ನಡವಿರುವುದು ಸಾಬೀತಾಗಿದೆ’ ಎಂದಿದ್ದೀರಿ. ಅಧ್ಯಾಯದ ಲೇಖಕರು ಯಾವ ಪಕ್ಷ, ಏನು ಹೊಸ ಮಾತು ಸೇರಿಸಿದ್ದಾರೆ ಎಂಬುದು ಓದುಗರಿಗೆ ತಿಳಿಯುವುದೇ ಇಲ್ಲ.

ನೀವೇ ಉದ್ಧರಿಸಿದ ಸಾಲನ್ನು ಹತ್ತಿರದಿಂದ ನೋಡೋಣ: ‘ಬೆರೆ ಕೊನ್ಜೆಇ ದಮುನ್ ಪೆತ್ರೆಕಿಓ ಪಕ್ತೆಇ’. ಹುಲ್ಟ್ಶ್ ಓದಿದ್ದು ‘ಬೇರೆ ಕೊಂಚ ಮಧು ಪಾತ್ರಕ್ಕೆ ಹಾಕಿ’. ಕಿವಿಗೆ ಹಿತವಾಗಿದೆ. ಆದರೆ ‘ದಮುನ್’ ಎಂಬುದು ‘ಮಧು’ ಆಗಬೇಕಾದರೆ ದಕಾರ ಮಕಾರಗಳು ಸ್ಥಳ ಬದಲಿಸಬೇಕು. ‘ಮಧು’, ‘ಪಾತ್ರ’ ಎರಡೂ ಸಂಸ್ಕೃತದಿಂದ ಬಂದವು, ಭಾರತದ ಯಾವ ಭಾಷೆಯಲ್ಲಾದರೂ ಇರಬಹುದಾದವು. ಹಾಗಾಗಿ ಕನ್ನಡದ ವಾದ ನಿಲ್ಲಬೇಕಾದದ್ದು ‘ಬೇರೆ’, ‘ಕೊಂಚ’, ‘ಕ್ಕೆ’ ಪ್ರತ್ಯಯ ಮತ್ತು ಕೊನೆಯ ಕ್ರಿಯಾಪದದ ಮೇಲೆ. ಆ ಕ್ರಿಯಾಪದದಲ್ಲೇ ನೀವು ಒಳ್ಳೆಯ ಅವಕಾಶ ಕಳೆದುಕೊಂಡಿದ್ದೀರಿ. ಪಕಾರ ಹಕಾರವಾದದ್ದು ಸುಮಾರು 10ನೇ ಶತಮಾನದಿಂದ ಈಚೆಗೆ. ಪಪೈರಸ್ಸಾದರೋ ಸುಮಾರು 2ನೇ ಶತಮಾನದ್ದು, ಅದರಲ್ಲಿ ಪಕಾರವೇ ಇದೆ. ‘ಹಾಕಿ’ಯಲ್ಲ, ‘ಪಾಕಿ’. ಇದು ಹುಲ್ಟ್ಶ್ ಪರವಾಗಿ ನಿಲ್ಲುವ ಮಾತು, ಕನ್ನಡ ಬಲ್ಲ ವಿಮರ್ಶಕರ ಬಾಯಲ್ಲೇ ಬರಬೇಕಾದ ಮಾತು. ಅದರ ಬೆನ್ನಿಗೇ, ನಡುವೆ ಇರುವ ತಕಾರ ಎಲ್ಲಿಂದ ಬಂತು ಎಂದೂ ಕೇಳಬೇಕು. ಇನ್ನೊಂದು: ಇಂಥ ಪಪೈರಸ್‌ಗಳಲ್ಲಿ ಪದಗಳ ನಡುವೆ ಜಾಗ ಬಿಡುವ ರೂಢಿಯಿಲ್ಲ. ‘ಬೆರೆ’ ಎಲ್ಲಿ ಮುಗಿಯಿತು, ‘ಕೊನ್ಜೆಇ’ ಎಲ್ಲಿ ಶುರುವಾಯಿತು ಎಂಬುದು ಓದಿದವರ ನಿರ್ಧಾರ. ಈ ಇಷ್ಟನ್ನು 300 ಪದಗಳಲ್ಲಿ ಬರೆದರೆ ನಿಮ್ಮ 1,100 ಪದಗಳಿಗಿಂತ ತೂಕ ಹೆಚ್ಚು.

1ನೇ ಶತಮಾನದ ರೋಮನ್ ಲೇಖಕ ಪ್ಲಿನಿಯ ವಿಷಯದಲ್ಲಿ ನೇರ ತಪ್ಪಾಗಿದೆ. ‘ರೋಮಿನಿಂದ ವರ್ಷಕ್ಕೆ 10 ಕೋಟಿ ಸೆಸ್ಟರ್ಸ್ ಭಾರತಕ್ಕೆ ಹರಿಯುತ್ತಿತ್ತು’ ಎಂದಿದ್ದೀರಿ (ಸೆಸ್ಟರ್ಸ್ ಎಂದರೆ ರೋಮನ್ ನಾಣ್ಯ). ಅವನಲ್ಲಿ ಇರುವುದು ಎರಡು ಬೇರೆ ಮಾತು. ಅವನ ‘ನ್ಯಾಚುರಲ್ ಹಿಸ್ಟರಿ’ಯ 6ನೇ ಸಂಪುಟದ 101ನೇ ಖಂಡದಲ್ಲಿ ಭಾರತವೊಂದಕ್ಕೇ 5 ಕೋಟಿಗೆ ಕಡಿಮೆಯಿಲ್ಲ ಎನ್ನುತ್ತಾನೆ. 12ನೇ ಸಂಪುಟದ 84ರಲ್ಲಿ ಹೇಳುವ 10 ಕೋಟಿ ಭಾರತ, ಸೆರೆಸ್ ಜನರ ನಾಡು (ರೇಷ್ಮೆಯ ನಾಡು, ಸಾಮಾನ್ಯವಾಗಿ ಚೀನಾ ಎನ್ನುತ್ತಾರೆ), ಅರೇಬಿಯಾ ಮೂರಕ್ಕೂ ಸೇರಿದ್ದು. ಎರಡನ್ನೂ ಬೆರೆಸಿದ ಬರಹಗಳು ಬೇಕಾದಷ್ಟಿವೆ. ಅವುಗಳಿಂದ ಎತ್ತಿಕೊಂಡಿದ್ದೀರಿ ಎಂಬುದು ಅನುವಾದದ ಪುಟಸಂಖ್ಯೆ ಕೊಟ್ಟಿರುವುದರಲ್ಲೇ ಗೊತ್ತಾಗುತ್ತದೆ. ಪ್ರಾಚೀನ ಕೃತಿಗೆ ಪುಟಸಂಖ್ಯೆ ಬೇಡ. ಸಂಪುಟ ಮತ್ತು ಖಂಡದ ಸಂಖ್ಯೆ ಕೊಡಿ, ಆಗ ಯಾವ ಆವೃತ್ತಿ ಇಟ್ಟುಕೊಂಡವರೂ ಹುಡುಕಿ ನೋಡಬಹುದು.

ಕೇರಳ ತೀರದ ಪ್ರಾಚೀನ ಬಂದರು ಮುಜಿರಿಸ್‌ನ ವ್ಯಾಪಾರದ ಕುರಿತ, ಈಗ ವಿಯೆನ್ನಾದಲ್ಲಿರುವ ಮುಜಿರಿಸ್ ಪಪೈರಸ್ಸನ್ನು ‘ಹಡಗಿನ ಸರಕುಪಟ್ಟಿ’ ಎಂದಿದ್ದೀರಿ. ಅದರ ಒಂದು ಮಗ್ಗುಲಲ್ಲಿ ಸಾಲದ ಕರಾರು, ಇನ್ನೊಂದರಲ್ಲಿ ಹರ್ಮಾಪೊಲ್ಲೋನ್ ಎಂಬ ಹಡಗಿನ ಸರಕಿನ ಮೌಲ್ಯಮಾಪನ. ಸಂಕಲನದ ಒಂದು ಪ್ರಬಂಧ ಇಡಿಯಾಗಿ ನಿಂತಿರುವುದೇ ಈ ಎರಡರ ಸಂಬಂಧದ ಮೇಲೆ, ನೀವು ಅದನ್ನು ಒಂದು ಸಾಲಿನಲ್ಲಿ ದಾಟಿದ್ದೀರಿ.

12 ಪ್ರಬಂಧಗಳಲ್ಲಿ 7ರ ಹೆಸರೂ ಬಂದಿಲ್ಲ. ಎಲ್ಲಕ್ಕೂ ಸಮಪಾಲು ಬೇಕೆಂದಲ್ಲ. ಪುಸ್ತಕ ವಿಮರ್ಶೆಯ ಪತ್ರಿಕೆಯಾದ ಬ್ರಿನ್ ಮಾರ್ ಕ್ಲಾಸಿಕಲ್ ರಿವ್ಯೂನಲ್ಲಿ ಸಂಕಲನಗಳ ವಿಮರ್ಶೆ ಹೇಗೆ ಬರುತ್ತದೆ ನೋಡಿ: ಕೊನೆಯಲ್ಲಿ ಲೇಖಕರ ಮತ್ತು ಪ್ರಬಂಧಗಳ ಪೂರ್ಣ ಪಟ್ಟಿ ಇರುತ್ತದೆ, ಆದ್ದರಿಂದ ಮೇಲೆ ಮೂರು ನಾಲ್ಕನ್ನೇ ಹಿಡಿದು ಆಳಕ್ಕೆ ಇಳಿಯಬಹುದು. ನೀವೂ ಹಾಗೇ ಮಾಡಿ. ಮೊದಲ ಎರಡು ಪ್ಯಾರಾಗಳಲ್ಲಿ ಪುಸ್ತಕದ ವಾದವೇನು, ಅದು ಯಾರಿಗೆ ಉಪಯೋಗ ಎಂದು ಹೇಳಿಬಿಡಿ. ಈಗ ಅದು ನಾಲ್ಕನೇ ಪುಟದಲ್ಲಿದೆ. ‘ಅಮೋಘ’, ‘ಸಂಗ್ರಹಯೋಗ್ಯ’ ಎಂಬ ಮಾತುಗಳನ್ನು ತೆಗೆದು, ಆ ಜಾಗದಲ್ಲಿ ಸೂಚಿ ಸರಿಯಿದೆಯೇ, ನಕ್ಷೆಗಳು ಓದಲು ಬರುತ್ತವೆಯೇ ಎಂದು ತಿಳಿಸಿ. ಅಚ್ಚಿನ ತಪ್ಪುಗಳಲ್ಲಿ ಅರ್ಥ ಕೆಡಿಸುವಂಥವು ಮಾತ್ರ ಸಾಕು.

ಕೃತಜ್ಞತೆಯ ಪುಟದಲ್ಲಿ ನಿಮ್ಮ ಹೆಸರಿದ್ದರೆ ಅಥವಾ ಲೇಖಕರಲ್ಲಿ ಯಾರಾದರೂ ನಿಮ್ಮ ಮಾರ್ಗದರ್ಶಕರಾಗಿದ್ದರೆ ಈಗಲೇ ತಿಳಿಸಿ, ಪುಸ್ತಕವನ್ನು ಬೇರೆಯವರಿಗೆ ಕೊಡಬೇಕಾಗುತ್ತದೆ. ಇಲ್ಲವಾದರೆ 1,800 ಪದಗಳ ಒಳಗೆ, ಆರು ವಾರಗಳಲ್ಲಿ ಕಳಿಸಿ. ಗ್ರೀಕ್ ಉದ್ಧರಣೆಗಳನ್ನು ಯೂನಿಕೋಡ್‌ನಲ್ಲೇ ಟೈಪ್ ಮಾಡಿ. ಈಗ ಕಳಿಸಿರುವ ಕಡತದಲ್ಲಿ ಹಳೆಯ ಫಾಂಟ್‌ನಿಂದಾಗಿ ಸ್ವರಚಿಹ್ನೆಗಳೆಲ್ಲ ಚೌಕಗಳಾಗಿ ಕಾಣುತ್ತಿವೆ.

— ಸಂಪಾದಕ