ಕೃಪೆ ಮೊದಲೋ, ಇಚ್ಛೆ ಮೊದಲೋ?

ಪ್ರಶ್ನೆ: ಎಲ್ಲವೂ ದೇವರ ಕೃಪೆಯಿಂದಲೇ ಆಗುವುದಾದರೆ ಮನುಷ್ಯನ ಸ್ವತಂತ್ರ ಇಚ್ಛೆಗೆ ಏನರ್ಥ? ಆರಂಭದ ಕ್ರೈಸ್ತ ಚಿಂತಕರು ಇದಕ್ಕೆ ಏನು ಹೇಳಿದರು?

ಉತ್ತರ: ಈ ವಾದ ಕಾವೇರಿದ್ದು ಐದನೆಯ ಶತಮಾನದ ಆರಂಭದಲ್ಲಿ, ಉತ್ತರ ಆಫ್ರಿಕಾದ ಹಿಪ್ಪೋ ನಗರದ ಬಿಷಪ್ ಆಗಸ್ಟೀನ್ ಮತ್ತು ಬ್ರಿಟನ್ ಮೂಲದ ಧರ್ಮಬೋಧಕ ಪೆಲೇಜಿಯಸ್ ನಡುವೆ. ‘ನೀನು ಆಜ್ಞಾಪಿಸುವುದನ್ನು ನೀನೇ ಕೊಡು, ಬಳಿಕ ಬೇಕಾದುದನ್ನು ಆಜ್ಞಾಪಿಸು’ ಎಂಬ ಆಗಸ್ಟೀನನ ಪ್ರಾರ್ಥನೆಯನ್ನು ರೋಮಿನಲ್ಲಿ ಕೇಳಿದ ಪೆಲೇಜಿಯಸ್ ಕೆರಳಿದ. ಮನುಷ್ಯನಿಂದ ಆಗದ್ದನ್ನು ದೇವರು ವಿಧಿಸುವುದಿಲ್ಲ ಎಂಬುದು ಅವನ ನಿಲುವು. ಅವನ ನೈತಿಕ ಕಳಕಳಿಯನ್ನು ಹಗುರವಾಗಿ ಕಾಣಬಾರದು. ಆದರೆ ಆಗಸ್ಟೀನನನ್ನು ತಡೆದು ನಿಲ್ಲಿಸಿದ್ದು ಗ್ರೀಸಿನ ಕೊರಿಂಥ ನಗರದ ಕ್ರೈಸ್ತರಿಗೆ ಅಪೊಸ್ತಲ ಪೌಲ ಬರೆದ, ಬೈಬಲ್‌ನಲ್ಲಿರುವ ಪತ್ರದ ಒಂದೇ ಒಂದು ಪ್ರಶ್ನೆ: ನೀನು ಪಡೆದುಕೊಳ್ಳದೆ ಇರುವುದು ನಿನ್ನಲ್ಲಿ ಏನಿದೆ? ‘ಏನಿದೆ’ ಎಂಬುದರೊಳಗೆ ನಂಬಬೇಕೆಂಬ ಬಯಕೆಯೂ ಸೇರಿತೆಂದು ಅವನು ಓದಿದ. ಇಚ್ಛೆಯ ಸ್ವಾತಂತ್ರ್ಯಕ್ಕಾಗಿ ತಾನು ಹೆಣಗಿದರೂ ಕೊನೆಗೆ ಗೆದ್ದದ್ದು ಕೃಪೆಯೇ ಎಂದು ಮುಪ್ಪಿನಲ್ಲಿ ಬರೆದುಕೊಂಡ. ಅವನ ದೃಷ್ಟಿಯಲ್ಲಿ ಕೃಪೆ ಇಚ್ಛೆಯನ್ನು ಅಳಿಸುವುದಿಲ್ಲ, ರೋಗಪೀಡಿತವಾದ ಅದನ್ನು ಗುಣಪಡಿಸುತ್ತದೆ. ನನಗೂ ಇದೇ ಅವನ ವಾದದ ತಿರುಳೆನಿಸುತ್ತದೆ. 418ರಲ್ಲಿ ಉತ್ತರ ಆಫ್ರಿಕಾದ ಕಾರ್ಥೇಜ್‌ನಲ್ಲಿ ಸೇರಿದ ಬಿಷಪ್‌ಗಳ ಸಭೆ ಪೆಲೇಜಿಯಸನ ಬೋಧನೆಯನ್ನು ಖಂಡಿಸಿತು. 529ರಲ್ಲಿ ಗಾಲ್ ಪ್ರಾಂತದ (ಇಂದಿನ ಫ್ರಾನ್ಸ್) ಆರೇಂಜ್‌ನಲ್ಲಿ ಸೇರಿದ ಅಂಥದೇ ಸಭೆ ನಂಬಿಕೆಯ ಮೊದಲ ಹೆಜ್ಜೆಯೂ ಕೃಪೆಯದೇ ಎಂದು ಒಪ್ಪಿತಾದರೂ, ದೇವರೇ ಕೆಲವರನ್ನು ಕೆಡುಕಿಗೆ ನೇಮಿಸುತ್ತಾನೆಂಬ ಮಾತನ್ನು ಖಡಾಖಂಡಿತವಾಗಿ ತಳ್ಳಿಹಾಕಿತು.