ಎಡಿನ್‌ಬರೋದಿಂದ ಒಂದೇ ದಿನದಲ್ಲಿ ವಿಸ್ಕಿ ಡಿಸ್ಟಿಲರಿ ಟೂರ್

ಎಡಿನ್‌ಬರೋದಲ್ಲಿ ಒಂದೇ ದಿನ ಬಿಡುವಿದೆ, ಸ್ಕಾಟ್ಲೆಂಡಿನ ಉತ್ತರದಲ್ಲಿರುವ ವಿಸ್ಕಿ ಪ್ರದೇಶ ಸ್ಪೇಸೈಡ್‌ಗೆ ಗೈಡ್ ಟೂರ್ ತಗೊಳ್ಳಲಾ ಅಥವಾ ಕಾರು ಬಾಡಿಗೆಗೆ ಪಡೆಯಲಾ ಎಂದು ಕೇಳಿದ್ದೀರಿ. ಕಾರು ಬೇಡ. 2014ರ ಡಿಸೆಂಬರ್‌ನಿಂದ ಸ್ಕಾಟ್ಲೆಂಡಿನಲ್ಲಿ 100 ಮಿಲಿಲೀಟರ್ ರಕ್ತಕ್ಕೆ 50 ಮಿಲಿಗ್ರಾಂ ಆಲ್ಕೋಹಾಲ್ ಮಾತ್ರ ಮಿತಿ, ಇಂಗ್ಲೆಂಡಿಗಿಂತ ಕಡಿಮೆ. ಓಡಿಸುವವರು ರುಚಿ ನೋಡುವ ಹಾಗೇ ಇಲ್ಲ ಅಂದುಕೊಳ್ಳಿ. ಅವರ ಪಾಲನ್ನು ಪುಟ್ಟ ಬಾಟಲಿಯಲ್ಲಿ ಕಟ್ಟಿಕೊಡುವ ಡಿಸ್ಟಿಲರಿಗಳೂ ಇವೆ, ಆದರೂ ಗೈಡ್ ಟೂರೇ ವಾಸಿ.

ಆದರೆ ಸ್ಪೇಸೈಡ್‌ಗೆ ಹೋಗಲೇ ಮೂರು ಗಂಟೆಗೂ ಜಾಸ್ತಿ ಬೇಕು. ಸುಮ್ನೆ ಬಸ್ಸಿನಲ್ಲೇ ದಿನ ಮುಗಿಯುತ್ತದೆ. ಡೀನ್‌ಸ್ಟನ್ ಎಂಬ ಡಿಸ್ಟಿಲರಿ ಇರುವ ಟೂರ್ ಹುಡುಕಿ, ಒಂದು ಗಂಟೆ ಚಿಲ್ಲರೆ ದಾರಿ ಅಷ್ಟೆ. ಅದು 1785ರ ಹತ್ತಿ ಗಿರಣಿ, 1960ರ ದಶಕದಲ್ಲಿ ಡಿಸ್ಟಿಲರಿ ಆಯಿತು. ಪಕ್ಕದ ಟೀತ್ ನದಿಯ ನೀರಿನಿಂದ ತನಗೆ ಬೇಕಾದ ಕರೆಂಟನ್ನು ತಾನೇ ಮಾಡಿಕೊಳ್ಳುತ್ತದೆ. ಮೊಳಕೆ ಬರಿಸಿ ಒಣಗಿಸಿದ ಬಾರ್ಲಿಯನ್ನು ಬಿಸಿನೀರಿನಲ್ಲಿ ನೆನೆಸುವ ದೊಡ್ಡ ತೊಟ್ಟಿಗೆ ಅಲ್ಲಿ ಮುಚ್ಚಳವೇ ಇಲ್ಲ, ಒಳಗಿನದೆಲ್ಲ ಕಣ್ಣಿಗೆ ಕಾಣುತ್ತದೆ. ಇದು ಅಪರೂಪ, ನನಗಂತೂ ತುಂಬಾ ಇಷ್ಟ. ಪೀಪಾಯಿಗಳ ಗೋದಾಮು ತೋರಿಸುತ್ತಾರಾ ಅಂತ ಬುಕ್ ಮಾಡುವ ಮೊದಲೇ ಕೇಳಿ. ಸ್ಕಾಚ್ ಅನ್ನಿಸಿಕೊಳ್ಳಲು ಓಕ್ ಪೀಪಾಯಿಯಲ್ಲಿ ಕನಿಷ್ಠ 3 ವರ್ಷ ಇರಲೇಬೇಕು, ರುಚಿ ಹೆಚ್ಚಾಗಿ ಅಲ್ಲೇ ಬರುವುದು. ಬೆಳಗ್ಗೆ ಹೊಟ್ಟೆ ತುಂಬಾ ತಿಂದು ಹೊರಡಿ.