ನಮ್ಮಲ್ಲಿ ಪತ್ರಿಕೆ ಮೊದಲು ಬಂತಾ, ರಾಷ್ಟ್ರೀಯ ರಾಜಕಾರಣ ಮೊದಲಾ?

ಪತ್ರಿಕೆಯೇ ಮೊದಲು. ಕಾಂಗ್ರೆಸ್ ಹುಟ್ಟಿದ್ದು 1885ರಲ್ಲಿ, ಆ ಹೊತ್ತಿಗೆ ಪತ್ರಿಕೆಗಳು ಆಗಲೇ ಸರ್ಕಾರವನ್ನು ಪ್ರಶ್ನಿಸುತ್ತಿದ್ದವು.

'ದಿ ಹಿಂದೂ' ಕಥೆ ನೋಡಿ. 1878ರಲ್ಲಿ ಟಿ. ಮುತ್ತುಸ್ವಾಮಿ ಅಯ್ಯರ್ ಮದ್ರಾಸ್ ಹೈಕೋರ್ಟಿನ ಮೊದಲ ಭಾರತೀಯ ನ್ಯಾಯಾಧೀಶರಾದರು. ಬ್ರಿಟಿಷರ ಪರ ಪತ್ರಿಕೆಗಳು ಇದನ್ನು ಹೀಗಳೆದವು. ಅದಕ್ಕೆ ಉತ್ತರ ಕೊಡಲೇಬೇಕು ಅಂತ ಆರು ಯುವಕರು ಒಂದು ರೂಪಾಯಿ ಹನ್ನೆರಡಾಣೆ ಸಾಲ ಮಾಡಿ ವಾರಪತ್ರಿಕೆ ಶುರು ಮಾಡಿದರು. ಮೊದಲ ಸಂಚಿಕೆ ಬರೀ 80 ಪ್ರತಿ! ಅವರಲ್ಲೊಬ್ಬರಾದ ಜಿ. ಸುಬ್ರಹ್ಮಣ್ಯ ಅಯ್ಯರ್ ಏಳು ವರ್ಷದ ನಂತರ ಬೊಂಬಾಯಿಯ ಮೊದಲ ಕಾಂಗ್ರೆಸ್ ಅಧಿವೇಶನದಲ್ಲಿ ಮೊದಲ ನಿರ್ಣಯ ಮಂಡಿಸಿದರು. ಸಂಪಾದಕನೇ ರಾಜಕಾರಣಿ. ಆಗ ಇಬ್ಬರ ನಡುವೆ ಗೆರೆಯೇ ಇರಲಿಲ್ಲ.

ಸರ್ಕಾರಕ್ಕೆ ಜಾಸ್ತಿ ಭಯ ಇದ್ದದ್ದು ದೇಶಭಾಷೆಗಳ ಪತ್ರಿಕೆಗಳ ಬಗ್ಗೆ. ಅದೇ 1878ರಲ್ಲಿ ವೈಸರಾಯ್ ಲಾರ್ಡ್ ಲಿಟ್ಟನ್ ಆ ಪತ್ರಿಕೆಗಳಿಗೆ ಮಾತ್ರ ಕಡಿವಾಣ ಹಾಕುವ ಕಾಯ್ದೆ ತಂದ. ಬಂಗಾಳಿ, ಇಂಗ್ಲಿಷ್ ಎರಡರಲ್ಲೂ ಬರುತ್ತಿದ್ದ 'ಅಮೃತ ಬಜಾರ್ ಪತ್ರಿಕಾ' ತಕ್ಷಣ ಪೂರ್ತಿ ಇಂಗ್ಲಿಷಿಗೆ ತಿರುಗಿ ತಪ್ಪಿಸಿಕೊಂಡಿತು. ಎಂಥ ಜಾಣತನ, ಅಲ್ವಾ?

ತಿಲಕರಿಗೆ ಹಾಗಾಗಲಿಲ್ಲ. ಮರಾಠಿ 'ಕೇಸರಿ'ಯ ಬರಹಗಳಿಗಾಗಿ 1908ರಲ್ಲಿ ಆರು ವರ್ಷ ಶಿಕ್ಷೆಯಾಗಿ ಬರ್ಮಾದ ಮಂಡಾಲೆ ಜೈಲು ಸೇರಿದರು. ಇದನ್ನು ಪ್ರತಿಭಟಿಸಿ ಬೊಂಬಾಯಿಯ ಗಿರಣಿ ಕಾರ್ಮಿಕರು ಶಿಕ್ಷೆಯ ಒಂದೊಂದು ವರ್ಷಕ್ಕೆ ಒಂದು ದಿನದಂತೆ ಆರು ದಿನ ಕೆಲಸ ನಿಲ್ಲಿಸಿದರು.